ಆಳಿಗೆ ಆಳು

ನಮ್ಮ ಬೀದಿಯ ಮೂಲೆಯಲ್ಲಿ ಇಸ್ತ್ರಿ ಗಾಡಿ ಇಟ್ಟುಕೊಂಡಿರುವ ಹೆಂಗಸು ಇವತ್ತಿಗೂ ಇದ್ದಿಲ ಪೆಟ್ಟಿಗೆಯಲ್ಲೇ ಬಟ್ಟೆ ಉಜ್ಜುತ್ತಾಳೆ. ಮೊನ್ನೆ ಬೆಳಿಗ್ಗೆ ಸೀರೆ ಕೊಡಲು ಹೋಗಿದ್ದೆ. ಗಂಜಿ ಹಾಕಿ ಒಣಗಿಸಿದ್ದ ಒಂದು ಖಾಕಿ ಷರಟಿನ ಮೇಲೆ ನೀರು ಚಿಮುಕಿಸಿ ಪೆಟ್ಟಿಗೆ ಇಟ್ಟಳು. ಚುಸ್ ಅಂತ ಆವಿ ಎದ್ದಿತು. ಕಾದ ಖಾಕಿ, ಗಂಜಿ, ಇದ್ದಿಲು... ಮೂರೂ ಸೇರಿದ ಆ ವಾಸನೆ ಮೂಗಿಗೆ ಬಿದ್ದದ್ದೇ ತಡ, ಹಾಸನದ ಈ ಬೀದಿ ಬಿಟ್ಟು ಹೊಳೆನರಸೀಪುರದ ವಠಾರದ ಬಾವಿಕಟ್ಟೆಯ ಪಕ್ಕ ನಿಂತಿದ್ದೆ ನಾನು.

ಅಷ್ಟರಲ್ಲಿ ಒಬ್ಬ ಯುವಕ ಸ್ಕೂಟರಿನಲ್ಲಿ ಬಂದು ಆ ಖಾಕಿಗೆ ಕೈ ಚಾಚಿದ.

"ಯಾರದಪ್ಪ ಇದು?" ಅಂದೆ.

"ನಮ್ಮಣ್ಣಂದು ಅಜ್ಜಿ. ಹೋಂಗಾರ್ಡು."

"ನಿಮ್ಮಣ್ಣ ಎಲ್ಲವ್ನೆ?"

"ಡ್ಯೂಟೀಲವ್ನೆ."

ಡ್ಯೂಟಿಯಲ್ಲಿರುವವನ ಬಟ್ಟೆ ತಮ್ಮನ ಕೈಯಲ್ಲಿ ಯಾಕೆ? ನನಗೆ ಅನುಮಾನ ಬಂತು. ಬರುವುದು ಹೊಸದಲ್ಲ ಬಿಡಿ. "ಇವ್ಳಿಗೆ ಹಾಲು ಕೊಟ್ರೆ ಬೆಳ್ಳಗ್ಯಾಕದೆ ಅಂತ ಕೇಳ್ತಾಳೆ" ಎಂದು ನಮ್ಮ ಯಜಮಾನರು ಬಂದವರ ಮುಂದೆಲ್ಲ ಆಡಿಕೊಂಡು ನಗುತ್ತಿದ್ದರು. ಆದರೆ ಮೊನ್ನೆಯ ಅನುಮಾನಕ್ಕೆ ಒಂದು ಹಳೇ ಬೇರಿತ್ತು. ಅದನ್ನೇ ಹೇಳಬೇಕು ಅಂತ ಕೂತಿದ್ದೇನೆ.

ನಾನು ಸಾಲಗಾಮೆಯ ಕಡೆಯ ಒಕ್ಕಲು ಮನೆಯಿಂದ ಮದುವೆಯಾಗಿ ಹೊಳೆನರಸೀಪುರದ ಆ ವಠಾರಕ್ಕೆ ಬಂದವಳು. ಯಜಮಾನರು ಒಂದು ಸೊಸೈಟಿಯಲ್ಲಿ ಗುಮಾಸ್ತರು. ಜೊತೆಗೆ ನಮ್ಮತ್ತೆ. ಅನುಮಾನದಲ್ಲಿ ನಾನು ಸೇರಾದರೆ ಅತ್ತೆ ಪಲ್ಲ. ನಡುವೆ ಬಾವಿ, ಸುತ್ತ ಬಾಗಿಲುಗಳು, ಎಲ್ಲರ ಮನೆಯ ಒಗ್ಗರಣೆ ಎಲ್ಲರ ಮೂಗಿಗೆ. ನಮ್ಮ ಎದುರು ಬಾಗಿಲಲ್ಲಿ ಒಬ್ಬ ಪೊಲೀಸ್ ಪೇದೆಯ ಸಂಸಾರವಿತ್ತು. ನಾವೆಲ್ಲ ಅವನನ್ನು ಪೊಲೀಸಪ್ಪ ಅನ್ನುತ್ತಿದ್ದೆವು. ಅವನ ಸ್ವಂತ ಊರು ಅರಕಲಗೂಡಿನ ಕಡೆ, ನಾಲೆ ನೀರಿನ ಗದ್ದೆ ಬಯಲು. ಹೆಂಡತಿ ಚನ್ನರಾಯಪಟ್ಟಣದ ಕಡೆಯವಳು. ಎರಡು ಹೆಣ್ಣುಮಕ್ಕಳು.

ಪೊಲೀಸಪ್ಪ ಎತ್ತರದ ಆಳು, ಮಾತು ಕಮ್ಮಿ. ಆಗ ಪೇದೆಗಳಿಗೆ ಖಾಕಿ ಚಡ್ಡಿ, ಕಾಲಿಗೆ ಮಂಡಿಯ ಕೆಳಗಿನಿಂದ ಸುತ್ತುವ ಉದ್ದನೆಯ ಬಟ್ಟೆಪಟ್ಟಿ. ಬೆಳಿಗ್ಗೆ ಜಗಲಿಯ ಮೇಲೆ ಕೂತು ಒಂದು ಸುತ್ತು ಇನ್ನೊಂದರ ಮೇಲೆ ಸರಿಯಾಗಿ ಕೂರುವ ಹಾಗೆ ಅವನು ಪಟ್ಟಿ ಸುತ್ತಿಕೊಳ್ಳುತ್ತಿದ್ದ. ಸುತ್ತು ಓರೆಯಾದರೆ ಬಿಚ್ಚಿ ಮತ್ತೆ ಮೊದಲಿಂದ. ಆಗ ಮಾತಾಡಿಸಿದರೆ ಉತ್ತರ ಸಿಗುತ್ತಿರಲಿಲ್ಲ. ಮುಗಿದ ಮೇಲೆ ಮಾತ್ರ, ಬಾವಿಯ ಹತ್ತಿರ ನಾನಿದ್ದರೆ, "ನೀರ್ ಸೇದ್ತಿದ್ದೀಯೇನ್ ತಂಗ್ಯವ್ವ?" ಅಂತ ಕೇಳಿ ಹೋಗುತ್ತಿದ್ದ. ಬೇರೆ ಮಾತು ನಾನು ಅವನಿಂದ ಹೆಚ್ಚು ಕೇಳಿದ್ದು ನೆನಪಿಲ್ಲ.

ಅವರ ಮನೆಯಲ್ಲಿ ಹಬ್ಬಕ್ಕೆ ಮಾತ್ರ ಅನ್ನ, ಉಳಿದ ದಿನ ಮುದ್ದೆ. ಖಾಕಿಗೆ ಹಾಕಲು ಗಂಜಿ ಬೇಕಲ್ಲ? ಪೊಲೀಸಪ್ಪನ ಹೆಂಡತಿ ಚೊಂಬು ಹಿಡಿದು ನಮ್ಮ ಬಾಗಿಲಿಗೆ ಬರುತ್ತಿದ್ದಳು. "ಅಕ್ಕ, ಇವತ್ತು ಅನ್ನ ಬಸುದ್ರಾ?" ನಾನು ಬಸಿದ ಗಂಜಿ ಎತ್ತಿಟ್ಟು ಕೊಡುತ್ತಿದ್ದೆ. ಹೀಗಾಗಿ ಆ ಖಾಕಿ ನೆಟ್ಟಗೆ ನಿಲ್ಲುತ್ತಿದ್ದದ್ದು ನಮ್ಮ ಮನೆಯ ಗಂಜಿಯಿಂದ. ಅದರ ಮೇಲೆ ಒಂದು ಕಣ್ಣಿಡುವ ಹಕ್ಕು ನನಗಿದೆ ಅಂತ ನಾನೇ ತೀರ್ಮಾನ ಮಾಡಿಕೊಂಡಿದ್ದೆ. ಅವಳು ಆ ಬಟ್ಟೆಯನ್ನು ಮಡಿಸುವಾಗ ಒಮ್ಮೆ ಅಂದಿದ್ದಳು: "ಇದು ಮೈಮೇಲಿರೋಗಂಟ ನಾವು ಮನುಸ್ರು ಕಣಕ್ಕ. ಇದಿಲ್ದಿದ್ರೆ ನಮ್ಮುನ್ನ ಯಾರ್ ಕೇಳ್ತಾರೆ? ಈ ಎರಡೆಣ್ಣಿಗೆ ಗಂಡು ಯಾರ್ ಕೊಟ್ಟಾರು?"

ಆ ಮಾತು ನಿಜ. ತುಂಡು ಗದ್ದೆಯಿಂದ ಹೊಟ್ಟೆ ತುಂಬುವ ಸಂಸಾರವಲ್ಲ ಅದು. ಎಲ್ಲ ನಿಂತಿದ್ದದ್ದು ಆ ಕೆಲಸದ ಮೇಲೆ.

ಒಂದು ಮಳೆಗಾಲ, ನಾಟಿಯ ದಿನಗಳು. ದೊಡ್ಡ ಮನುಷ್ಯರೊಬ್ಬರು ಊರಿಗೆ ಬರುವವರಿದ್ದಾರೆ, ಪೊಲೀಸರಿಗೆ ಯಾರಿಗೂ ರಜ ಇಲ್ಲ ಎಂಬ ಸುದ್ದಿ ವಠಾರಕ್ಕೂ ಬಂದಿತ್ತು. ಪೊಲೀಸಪ್ಪನಿಗೆ ಊರಾಚೆ ಒಂದು ಸರ್ಕಾರಿ ಗೋದಾಮಿನ ಕಾವಲು. ಅವನೂ ರಜ ಕೇಳಿದ್ದನಂತೆ, ಕೊಟ್ಟಿರಲಿಲ್ಲವಂತೆ. ಮುಖ ಬಾಡಿಸಿಕೊಂಡು ಓಡಾಡುತ್ತಿದ್ದ.

ಆ ವಾರವೇ ನನ್ನ ಕಣ್ಣಿಗೆ ಒಂದೊಂದಾಗಿ ಬೀಳತೊಡಗಿದವು.

ಮೊದಲನೆಯದು, ಪೊಲೀಸಪ್ಪ ಜಗಲಿಯ ಮೇಲೆ ಪಟ್ಟಿ ಸುತ್ತಿಕೊಳ್ಳುವುದು ನಿಂತುಹೋಯಿತು. ಬಾಗಿಲು ಅರ್ಧ ಹಾಕಿರುತ್ತಿತ್ತು. ಒಂದು ಬೆಳಿಗ್ಗೆ ಸಂದಿಯಿಂದ ಕಂಡಿತು: ಅವನು ಗೋಡೆಗೊರಗಿ ಕಾಲು ಚಾಚಿದ್ದಾನೆ, ಹೆಂಡತಿ ಕೂತು ಪಟ್ಟಿ ಸುತ್ತುತ್ತಿದ್ದಾಳೆ. ತನ್ನ ಪಟ್ಟಿಯನ್ನು ಇನ್ನೊಬ್ಬರಿಗೆ ಮುಟ್ಟಲೂ ಬಿಡದ ಗಂಡಸು! ಆಮೇಲೆ ಅವನು ದವಡೆಗೆ ಬಿಳಿ ವಸ್ತ್ರ ಸುತ್ತಿಕೊಂಡು, ಟೋಪಿ ಕೆಳಗೆಳೆದುಕೊಂಡು, ನನ್ನನ್ನು ಮಾತಾಡಿಸದೆ ದುಡುದುಡು ನಡೆದುಬಿಟ್ಟ.

"ಅಲ್ಲುನೋವು ಕಣಕ್ಕ," ಅಂದಳು ಅವಳು, ನಾನು ಕೇಳುವುದಕ್ಕೆ ಮೊದಲೇ.

ಕೇಳದೆ ಬಂದ ಉತ್ತರವನ್ನು ನಾನು ನಂಬುವುದಿಲ್ಲ. ಅವತ್ತು ಸಂಜೆ ಅವರ ಮನೆಯಿಂದ ಹುರಿಗಾಳು ಅಗಿಯುವ ಸದ್ದು ಬಂತು. ಕಟುಂ ಕಟುಂ ಅಂತ, ಗಂಡಸು ಅಗಿಯುವ ಸದ್ದು. ಹಲ್ಲುನೋವಿನವನು ಹುರಿಗಾಳು ತಿನ್ನುತ್ತಾನೆಯೇ? ಅತ್ತೆಗೆ ಹೇಳಿದೆ. ಅತ್ತೆ ಎಲೆಗೆ ಸುಣ್ಣ ಸವರುವುದನ್ನು ನಿಲ್ಲಿಸಿ ಕಿವಿಗೊಟ್ಟು ಕೇಳಿದರು.

"ಅಲ್ಲಮ್ಮಿ, ಅದು ಅವ್ನ್ ಅಗಿಯೋ ಸದ್ದಲ್ಲ ಕಣೆ. ಒಳಗೆ ಇನ್ಯಾರೋ ಅವ್ರೆ."

ಬಾಗಿಲ ಮುಂದೆ ನೋಡಿದರೆ ಇದ್ದದ್ದು ಗಂಡಸಿನ ಒಂದೇ ಜೊತೆ ಮೆಟ್ಟು. ಅತ್ತೆಯ ಅನುಮಾನ ಆಗ ಪೊಲೀಸಪ್ಪನ ಹೆಂಡತಿಯ ಮೇಲೆ ಬಿತ್ತು. ಗಂಡ ಡ್ಯೂಟಿಯಲ್ಲಿದ್ದಾಗ ಇವಳು ಯಾರನ್ನೋ ಒಳಗೆ ಕೂರಿಸಿಕೊಂಡಿದ್ದಾಳೆ ಅಂತ ವಠಾರದಲ್ಲಿ ಗುಸುಗುಸು ಎದ್ದಿತು. ಹುಟ್ಟಿಸಿದ್ದು ನಮ್ಮತ್ತೆಯೇ, ಆದರೆ ನಾಲ್ಕು ಬಾಗಿಲು ಸುತ್ತಿ ತಿರುಗಿ ಅವರ ಕಿವಿಗೆ ಬಂದಾಗ, "ನೋಡ್ದಾ, ಎಲ್ರೂ ಅಂಗೇ ಅಂತಾವ್ರೆ" ಅಂದರು.

ಎರಡನೆಯದು ಖಾಕಿಯ ವಾಸನೆ. ಒಗೆಯುವ ಕಲ್ಲಿನ ಮೇಲೆ ಅವಳು ಬಟ್ಟೆ ಇಟ್ಟು ಒಳಗೆ ಹೋದಾಗ ನಾನು ಬಗ್ಗಿ ಮೂಸಿ ನೋಡಿದೆ. ಹೌದು, ಮೂಸಿದೆ, ಅದರಲ್ಲೇನು? ಪೊಲೀಸಪ್ಪನ ಖಾಕಿಯಲ್ಲಿ ಬೀಡಿ ಮತ್ತು ಬೆವರು ಇರಬೇಕಿತ್ತು. ಇದರಲ್ಲಿ ವಡೆ ಕರಿದ ಎಣ್ಣೆಯ ವಾಸನೆ, ಹೋಟಲಿನ ಸಾಂಬಾರಿನ ವಾಸನೆ. ಗೋದಾಮು ಕಾಯುವವನಿಗೆ ವಡೆ ಎಲ್ಲಿಂದ ಬಂತು? ಯಾರೋ ತಿನ್ನಿಸುತ್ತಿದ್ದಾರೆ, ಗೋದಾಮಿನ ಮೂಟೆ ಸಾಗಿಸುವುದಕ್ಕೆ ಕಣ್ಣು ಮುಚ್ಚಲಿ ಅಂತ ತಿನ್ನಿಸುತ್ತಿದ್ದಾರೆ ಎಂದು ಲೆಕ್ಕ ಹಾಕಿದೆ. ಯಜಮಾನರಿಗೆ ಹೇಳಿದರೆ, "ಬಾಯಿ ಮುಚ್ಕೊಂಡಿರು, ಪೊಲೀಸಿನವರ ಸಹವಾಸ" ಅಂದರು.

ಮೂರನೆಯದನ್ನು ನಾನೇ ಕಣ್ಣಾರೆ ಕಂಡೆ. ಒಂದು ಮಧ್ಯಾಹ್ನ ಬಾವಿಯ ಹತ್ತಿರ ಬೆಳಗುತ್ತಾ ಕೂತಿದ್ದೆ. ಹಿತ್ತಲ ಕಡೆಯಿಂದ ಖಾಕಿ ತೊಟ್ಟವನು ಓಡಿ ಬಂದ. ಟೋಪಿ ಕೈಯಲ್ಲಿ, ಕಾಲಿನ ಪಟ್ಟಿ ಬಿಚ್ಚಿಹೋಗಿ ಮಣ್ಣಿನಲ್ಲಿ ಎಳೆದಾಡುತ್ತಿತ್ತು. ನನಗೆ ಬೆನ್ನು ಮಾತ್ರ ಕಂಡಿತು. ಹಿಂಬಾಗಿಲಿಂದ ಒಳಗೆ ಹೋದವನು ಹೊರಗೆ ಬರಲಿಲ್ಲ. ಪೊಲೀಸಪ್ಪ ಓಡಿದ್ದನ್ನು ನಾನು ಅಲ್ಲಿಯವರೆಗೆ ನೋಡಿರಲಿಲ್ಲ.

ಸಂಜೆ ದೀಪ ಹಚ್ಚುವ ಹೊತ್ತಿಗೆ ಪೊಲೀಸಪ್ಪ ಬಂದ. ಬಂದದ್ದು ಬೀದಿ ಕಡೆಯಿಂದ, ಮುಂಬಾಗಿಲಿಗೆ. ಪಂಚೆ ಮೇಲೆತ್ತಿ ಕಟ್ಟಿದ್ದ, ಮಂಡಿಯ ತನಕ ಒಣಗಿದ ಕೆಸರು. "ನೀರ್ ಸೇದ್ತಿದ್ದೀಯೇನ್ ತಂಗ್ಯವ್ವ?" ಅಂದ, ಎಂದಿನ ಹಾಗೆ. ಖಾಕಿಯಲ್ಲಿ ಹಿಂದಿನಿಂದ ಒಳಗೆ ಹೋದವನು ಪಂಚೆಯಲ್ಲಿ ಮುಂದಿನಿಂದ ಹೇಗೆ ಬಂದ? ಇಬ್ಬರಿದ್ದಾರೆ ಅಂತ ಆಗ ಖಚಿತವಾಯಿತು. ಯಾಕೆ ಇಬ್ಬರು, ಇವನಿಲ್ಲದಾಗ ಇವನ ಬಟ್ಟೆಯಲ್ಲಿ ನಿಂತವನು ಯಾರು, ಇವನು ಯಾರ ಕೆಸರು ತುಳಿದು ಬಂದ? ಅದು ಗೊತ್ತಾಗಲಿಲ್ಲ.

ಮಾರನೇ ಬೆಳಿಗ್ಗೆ ದಫೇದಾರರು ಬಂದರು. ಪೊಲೀಸಪ್ಪನ ಮೇಲಿನವರು, ಹೊಟ್ಟೆ ಮುಂದೆ ಬಂದ, ಸದಾ ಏದುಸಿರು ಬಿಡುವ ಮನುಷ್ಯ. ಇಬ್ಬರೂ ಜಗಲಿಯ ಮೇಲೆ ತಲೆ ತಗ್ಗಿಸಿ ಕೂತರು. ನಾನು ಅಡಿಗೆಮನೆಯ ಕಿಟಕಿಯ ಹತ್ತಿರ ಸೊಪ್ಪು ಬಿಡಿಸಿದೆ. ಆ ದಿನ ಸೊಪ್ಪು ಬಿಡಿಸುವುದು ಬಹಳ ಹೊತ್ತಾಯಿತು.

"ಅಲ್ಲಿ ಯಾರೂ ನಿಂತಿರ್ನಿಲ್ಲ ಅನ್ನು," ಅಂದರು ದಫೇದಾರರು. "ಬ್ಯಾರೆಯವ್ನು ನಿಂತಿದ್ದ ಅಂದ್ರೆ ಅವ್ನು ಜೈಲಿಗೋಯ್ತಾನೆ, ಅವ್ನ್ ನಿಂತಿದ್ದು ಕಾಣ್ನಿಲ್ವಾ ಅಂತ ನನ್ ಕೆಲ್ಸನೂ ಓಯ್ತದೆ. ಜಾಗ ಖಾಲಿ ಇತ್ತು, ನಾನು ಬಿಟ್ಟೋಗಿದ್ದೆ, ಅಷ್ಟು ಅನ್ನು."

"ಅಂಗಂದ್ರೆ ನನ್ ಕೆಲ್ಸ?"

ದಫೇದಾರರು ಟೋಪಿ ತೆಗೆದು ಕುತ್ತಿಗೆಯ ಬೆವರು ಒರೆಸಿಕೊಂಡರು. ಪೊಲೀಸಪ್ಪ ತನ್ನ ಅಂಗಾಲಿನ ಬಿರುಕಿನಲ್ಲಿದ್ದ ಕೆಸರನ್ನು ಉಗುರಿನಿಂದ ಕೆರೆಯುತ್ತಾ ಕೂತಿದ್ದ. ಆಮೇಲೆ, "ಆಗ್ಲಿ ಸಾ" ಅಂದ.

ವಿಚಾರಣೆ ನಡೆಯಿತು. ಅಪ್ಪಣೆಯಿಲ್ಲದೆ ಕಾವಲು ಬಿಟ್ಟು ಹೋದದ್ದಕ್ಕೆ ಪೊಲೀಸಪ್ಪನನ್ನು ಕೆಲಸದಿಂದ ತೆಗೆದರು. ಎಲ್ಲಿಗೆ ಹೋಗಿದ್ದೆ ಅಂದರೆ ಊರಿಗೆ ಅಂದನಂತೆ. ಯಾಕೆ ಅಂದರೆ ಸುಮ್ಮನಿದ್ದನಂತೆ. ಸುಮ್ಮನಿರುವವನ ಬಾಯಿಗೆ ಮಾತು ತುಂಬುವುದಕ್ಕೆ ನಮ್ಮ ವಠಾರದಲ್ಲಿ ಜನಕ್ಕೆ ಬರವೇ?

ಅವನು ಇಲಾಖೆಯ ಬಟ್ಟೆಬರೆ ಒಪ್ಪಿಸುವ ಹಿಂದಿನ ದಿನ ಹೆಂಡತಿ ಗಂಜಿಗೆ ಬಂದಳು. ಅತ್ತೆ ಒಳಗಿನಿಂದಲೇ ಅಂದರು, "ವಾಪಸ್ ಕೊಡೋ ಬಟ್ಟೆಗೆ ಗಂಜಿ ಯಾಕೆ ತಾಯಿ?"

"ಕೊಡದಂತೂ ಕೊಡ್ತೀವಿ ದೊಡ್ಡವ್ವ, ಮಾನವಾಗಿ ಕೊಡಣ," ಅಂದಳು.

ನಾನು ಚೊಂಬು ತುಂಬ ಕೊಟ್ಟೆ. ಆ ಸಂಜೆ ಅವಳು ಇದ್ದಿಲ ಪೆಟ್ಟಿಗೆ ಹಿಡಿದು ಖಾಕಿ ಉಜ್ಜುತ್ತಿದ್ದ ವಾಸನೆ ವಠಾರವೆಲ್ಲ ತುಂಬಿತ್ತು. ಅದೇ ಕೊನೆ.

ಅಲ್ಲಿಯ ತನಕ ಗಂಡಹೆಂಡಿರ ನಡುವೆ ಬಿರುಕು ಇರಲಿಲ್ಲ ಅನ್ನುವುದನ್ನು ನಾನು ಬಲ್ಲೆ. ಬಿರುಕು ಬಂದದ್ದು ಎಲೆ ಮಾರುವವಳಿಂದ. ಅರಕಲಗೂಡಿನ ಕಡೆಯಿಂದ ವಾರಕ್ಕೊಮ್ಮೆ ವೀಳ್ಯದೆಲೆ ಹೊತ್ತು ತರುವ ಹೆಂಗಸೊಬ್ಬಳಿದ್ದಳು. ಬಾವಿಯ ಹತ್ತಿರ ಎಲೆಕಟ್ಟು ಬಿಚ್ಚುತ್ತಾ ಅತ್ತೆಗೆ ಹೇಳಿದಳು: "ನಿಮ್ಮ ಪೊಲೀಸಪ್ಪನ್ನ ನಾನು ನೋಡ್ನಲ್ಲ, ನಾಟಿ ಟೈಮ್ನಾಗೆ. ಗಂಡ ಸತ್ತೋಳೊಬ್ಳ ಗದ್ದೇಲಿ ಏರು ಹೊಡೀತಿದ್ದ. ಒಂದ್ ದಿನ ಅಲ್ಲ, ದಿನಾ. ಅವ್ಳಿಗೂ ಇವ್ನಿಗೂ ನಂಟೇನೋ ಕಾಣೆ."

ಅವಳ ಬೆನ್ನ ಹಿಂದೆ ಪೊಲೀಸಪ್ಪನ ಹೆಂಡತಿ ಬಿಂದಿಗೆ ಹಿಡಿದು ನಿಂತಿದ್ದಳು. ಅವಳ ಮುಖ ನನಗೆ ಇವತ್ತಿಗೂ... ಗಂಡ ತಮ್ಮ ಸ್ವಂತ ಗದ್ದೆಗೆ ಹೋಗಿದ್ದಾನೆ ಅಂತಲೇ ಅವಳು ನಂಬಿದ್ದಳು. ಅವನು ಹಾಗೆಂದೇ ಹೇಳಿ ಹೋಗಿದ್ದ.

ಸ್ವಲ್ಪ ಹೊತ್ತಿಗೆ ನಮ್ಮ ಅಡಿಗೆಮನೆಗೆ ಬಂದು ಕೂತಳು. "ದೊಡ್ಡವ್ವ, ಗಂಡಸು ಕೆಲ್ಸ ಕಳ್ಕಳ್ಳೋ ಅಷ್ಟು ಯಾರ್ ಗದ್ದೆಗಾದ್ರೂ ಗೇಯ್ತಾನಾ?" ಎಂದು ಕೇಳಿದಳು.

ಅತ್ತೆ ಎಲೆ ಮಡಿಸಿ ಬಾಯಿಗಿಟ್ಟು ಅಂದರು, "ಬೆಂಕಿ ಇಲ್ದೆ ಹೊಗೆ ಆಡ್ತದೇನ್ ತಾಯಿ?"

ನನಗೂ ಹಾಗೇ ಅನ್ನಿಸಿತ್ತು.

ಆ ಸಂಜೆ ಎದುರು ಮನೆಯಲ್ಲಿ ಜೋರು ಮಾತು ಕೇಳಿಸಿತು, ಅವಳದೇ. ನಡುವೆ ಒಂದೇ ಒಂದು ಸಲ ಅವನ ದನಿ: "ಬಂದ್ ನೋಡು. ಒಂದ್ಸಲ ಬಂದ್ ನೋಡ್ಬುಡು." ಅವಳೆಂದಳು: "ನಾನ್ಯಾಕ್ ಬಂದ್ ನೋಡ್ಲಿ?" ಮಾರನೇ ದಿನವೇ ಹೆಣ್ಣುಮಕ್ಕಳನ್ನು ಕರೆದುಕೊಂಡು ತೌರಿಗೆ ಹೋದಳು. ಪೊಲೀಸಪ್ಪ ಪಾತ್ರೆಪಗಡ ಗೋಣಿಚೀಲಕ್ಕೆ ತುಂಬಿ, ಮನೆಗೆ ಬೀಗ ಹಾಕಿ, ಬೀಗದಕೈಯನ್ನು ನನ್ನ ಕೈಗೆ ಕೊಟ್ಟ. "ಮನೆ ಒಡೇರಿಗೆ ಕೊಟ್ಬುಡು ತಂಗ್ಯವ್ವ. ಬತ್ತೀನಿ" ಅಂದ. ಪಂಚೆಯಲ್ಲಿ ಅವನು ಬಹಳ ಬಡಕಲಾಗಿ ಕಂಡ. ಅವನನ್ನು ನಾನು ನೋಡಿದ್ದು ಅದೇ ಕಡೆ.

ಕೆಲವು ವರ್ಷ ಕಳೆದವು. ನೆಂಟರ ಮದುವೆ ಮುಗಿಸಿಕೊಂಡು ಬರುವಾಗ ಚನ್ನರಾಯಪಟ್ಟಣದಲ್ಲಿ ಬಸ್ಸು ತಪ್ಪಿತು. ಬಸ್‌ಸ್ಟ್ಯಾಂಡಿನ ಹತ್ತಿರದ ಹೋಟಲಿಗೆ ಹೋಗಿ ಕೂತೆ. ಸಪ್ಲೈಯರು ಬಂದು ಹೆಗಲ ವಸ್ತ್ರ ತೆಗೆದು ಮೇಜು ಒರೆಸಿ, "ಬಿಸಿ ಏನ್ ಕೊಡ್ಲಿ?" ಅಂದ. ತಲೆಯೆತ್ತಿದರೆ ಪೊಲೀಸಪ್ಪ! ಅದೇ ಮೂಗು, ಅದೇ ಹಣೆ, ಅದೇ ಎತ್ತರ. ವಯಸ್ಸು ಮಾತ್ರ ಹೆಚ್ಚುವ ಬದಲು ಕಮ್ಮಿಯಾಗಿತ್ತು. ಅವನ ವಸ್ತ್ರದಿಂದ ಬಂದ ಎಣ್ಣೆಯ ವಾಸನೆ ನನಗೆ ಗೊತ್ತಿದ್ದ ವಾಸನೆ.

"ಹೊಳೆನರಸೀಪುರದ ವಠಾರದಲ್ಲಿ ಹಲ್ಲುನೋವು ಬಂದಿದ್ದು ನಿನಗೇನಪ್ಪ?" ಅಂದೆ.

ಅವನ ಕೈ ಮೇಜಿನ ಮೇಲೆ ನಿಂತಿತು. ಗಲ್ಲಾದ ಕಡೆ ಒಮ್ಮೆ ನೋಡಿದ. "ನೀವು ಗಂಜಿ ಕೊಡ್ತಿದ್ದ ಅಕ್ಕ ಅಲ್ವ್ರಾ?" ಅಂದ. ಅವನು ಪೊಲೀಸಪ್ಪನ ತಮ್ಮ. ಕೂರುವ ಹಾಗಿಲ್ಲವಲ್ಲ, ಅದೇ ಮೇಜನ್ನು ಮತ್ತೆ ಮತ್ತೆ ಒರೆಸುತ್ತಾ ಎಲ್ಲವನ್ನೂ ಹೇಳಿದ.

ಅವರ ಗದ್ದೆಯ ಪಕ್ಕದಲ್ಲಿ ಪಕ್ಕದ ಊರಿನವನೊಬ್ಬನ ಗದ್ದೆ ಇತ್ತಂತೆ. ಒಳ್ಳೇ ರಟ್ಟೆಯ ಮುದುಕ. ಪೊಲೀಸಪ್ಪ ಕೆಲಸಕ್ಕೆ ಸೇರಿದ ಮೇಲೆ ಊರಿನಲ್ಲಿ ತಾಯಿ ಒಬ್ಬಳೇ. ನಾಟಿ ಬಂದಾಗಲೆಲ್ಲ ಆ ಮುದುಕ ತನ್ನ ಎತ್ತು ಹೊಡೆದುಕೊಂಡು ಬಂದು ಇವರ ಗದ್ದೆ ಉತ್ತು, ಕೆಸರು ಮಾಡಿ, ಹಲಗೆ ಎಳೆದು ಕೊಡುತ್ತಿದ್ದನಂತೆ. ಕೂಲಿಗಲ್ಲ, ಮುಯ್ಯಾಳಿಗೆ. ನಮ್ಮ ಒಕ್ಕಲು ಮನೆಗಳಲ್ಲಿ ಅದೊಂದು ಪದ್ಧತಿ: ಇವತ್ತು ನೀನು ನನ್ನ ಗದ್ದೆಗೆ, ನಾಳೆ ನಾನು ನಿನ್ನ ಗದ್ದೆಗೆ. ಬರೆದಿಡುವುದಿಲ್ಲ, ಕೇಳುವುದಿಲ್ಲ, ಆದರೆ ತೀರಿಸದೆ ಸತ್ತವನಿಗೆ ಊರಿನಲ್ಲಿ ಮುಖವಿಲ್ಲ. ಪೊಲೀಸಪ್ಪ ತೀರಿಸುತ್ತೇನೆ ಅಂದಾಗಲೆಲ್ಲ, "ನಿಂಗೆ ಸರ್ಕಾರಿ ಕೆಲ್ಸ, ಬುಡುವಾದಾಗ ಬಾ" ಅನ್ನುತ್ತಿದ್ದನಂತೆ ಮುದುಕ. ಆ ವರ್ಷ ನಾಟಿಗೆ ಮೊದಲು ಮುದುಕ ತೀರಿಕೊಂಡ. ಹೆಂಡತಿ ಒಬ್ಬಳು, ಗಂಡುಮಕ್ಕಳಿಲ್ಲ. ನಾಲೆಯ ನೀರು ಸರದಿಯ ಪ್ರಕಾರ ಬರುವುದು. ಆ ಸರದಿ ತಪ್ಪಿದರೆ ಪೈರು ಮಡಿಯಲ್ಲೇ ಬಲಿತು ಹಾಳು, ಆ ಮುದುಕಿಗೆ ವರ್ಷದ ಕೂಳಿಲ್ಲ.

"ಸತ್ತೋನ್ ಮುಯ್ಯಿ ಉಳುಸ್ಕಬಾರ್ದು ಕಣ್ಲಾ ಅಂದ ಅಣ್ಣಯ್ಯ," ಅಂದ ತಮ್ಮ. "ರಜ ಕೇಳ್ದ, ಕೊಡ್ನಿಲ್ಲ. ಅದ್ಕೆ ನನ್ನ ಕರ್ಸ್ಕಂಡ."

ನನಗೆ ಅಲ್ಲೇ ಅನುಮಾನ ಬಂತು. "ಗದ್ದೆಗೆ ನಿನ್ನನ್ನೇ ಕಳಿಸಬಹುದಿತ್ತಲ್ಲ? ಅವನು ಡ್ಯೂಟಿಯಲ್ಲೇ ಇರಬಹುದಿತ್ತಲ್ಲ?"

"ನಾನೂ ಅಂಗೇ ಅಂದೆ ಕಣಕ್ಕ. ನಾನು ಚಿಕ್ಕೋನಿಂದ ಓಟ್ಲಲ್ಲೇ ಬೆಳ್ದೋನು, ಏರು ಇಡ್ದೋನಲ್ಲ. ಮುಯ್ಯಾಳು ಅಂದ್ರೆ ಆಳಿಗೆ ಆಳು, ರಟ್ಟೆಗೆ ರಟ್ಟೆ. ಅಂತಾ ಗೇಮೆಗಾರ ಗೇದಿದ್ದಕ್ಕೆ ನಿನ್ನಂತೋನ್ನ ಕಳ್ಸುದ್ರೆ ಅದು ಮೋಸ ಆಯ್ತದೆ ಅಂದ. ಡ್ಯೂಟಿ ಅಂದ್ರೆ ಏನ್ಲಾ, ಬಾಗ್ಲಲ್ಲಿ ನಿಂತ್ಕಳದು. ನಿಂತ್ಕಳಕ್ಕೆ ಯಾರಾದ್ರೂ ಆಯ್ತದೆ, ಅಲ್ಲೂ ಆಳಿಗೆ ಆಳು ಇರ್ತದಲ್ಲ, ಸರ್ಕಾರಕ್ಕೇನ್ ಲುಕ್ಸಾನು ಅಂದ."

ಅದೇ ನೋಡಿ. ಓದಿದವನಿಗೆ, ಪೇಟೆಯವನಿಗೆ ಈ ತಪ್ಪು ಮಾಡುವುದಕ್ಕೆ ಬರುವುದಿಲ್ಲ. ಒಕ್ಕಲ ಮಗನಿಗೆ ಮಾತ್ರ ಬರುತ್ತದೆ. ಸರ್ಕಾರವನ್ನೂ ಅವನು ಪಕ್ಕದ ಗದ್ದೆಯವನೆಂದು ತಿಳಿದುಕೊಂಡಿದ್ದ.

ಸಿಕ್ಕಿಬಿದ್ದದ್ದು ಹೇಗೆ ಅಂದೆ. ತಮ್ಮ ನಾಚಿಕೆಯಿಂದ ನಕ್ಕ. ಆ ಮಧ್ಯಾಹ್ನ ಇದ್ದಕ್ಕಿದ್ದಂತೆ ಒಬ್ಬ ದೊಡ್ಡ ಸಾಹೇಬರು ಗೋದಾಮಿಗೆ ಬಂದರಂತೆ. ಬಿಸಿಲಿಗೆ ಬಸವಳಿದು ಅಲ್ಲಿದ್ದ ಬೆಂಚಿನ ಮೇಲೆ ಕೂತರು. ನೆಟ್ಟಗೆ ನಿಂತು ಸೆಲ್ಯೂಟ್ ಹೊಡೆಯಬೇಕು ಅಂತ ಅಣ್ಣ ಹೇಳಿಕೊಟ್ಟಿದ್ದ. "ಆದ್ರೆ ಅವ್ರು ಕೂತ್ಬುಟ್ರಲ್ಲಕ್ಕ. ಯಾರಾದ್ರೂ ಕೂತ್ರೆ ನನ್ ಕೈ ತಡೀತದಾ? ದವಡೆಗೆ ಕಟ್ಟಿದ್ದ ಬಟ್ಟೆ ಎಳ್ಕಂಡು ಅವ್ರ ಮುಂದ್ಗಡೆ ಬೆಂಚು ಒರೆಸ್ಬುಟ್ಟೆ. ಬಾಯಲ್ಲಿ, ಬಿಸಿ ಏನ್ ಕೊಡ್ಲಿ ಸಾ, ಅಂತಾನೂ ಬಂದ್ಬುಡ್ತು."

ನನಗೆ ನಗು ತಡೆಯಲಾಗಲಿಲ್ಲ. ಅವನೂ ನಕ್ಕ. ಸಾಹೇಬರು ಬಾಯಿ ತೆರೆಯುವುದರೊಳಗೆ ಅವನು ಓಟ ಕಿತ್ತಿದ್ದ, ಸಾಹೇಬರು ಕಣ್ಣಾರೆ ಕಂಡದ್ದನ್ನು ದಫೇದಾರರು ಓಡಿ ಬಂದು ಅದೇನು ಹೇಳಿ ಮುಚ್ಚಿಹಾಕಿದರೋ ದೇವರಿಗೇ ಗೊತ್ತು. ಆಮೇಲೆ ಅವನ ನಗು ನಿಂತಿತು.

"ಸತ್ಯ ಯೋಳಿದ್ರೆ ನಾನು ಜೈಲಿಗೋಯ್ತಿದ್ದೆ. ಅದ್ಕೆ ಅಣ್ಣಯ್ಯ ಬಾಯ್ ಬುಡ್ನಿಲ್ಲ."

"ಹೆಂಡತಿಗೆ? ಅವಳಿಗೆ ಮೊದಲೇ ಹೇಳಬಹುದಿತ್ತಲ್ಲ, ಬೇರೆಯವರ ಗದ್ದೆ ಅಂತ?"

"ಬ್ಯಾರೆಯವ್ರ ಗದ್ದೆಗೆ ಅಂದ್ರೆ ಅತ್ತಿಗೆ ಬುಡಕ್ಕಿಲ್ಲ, ಕೆಲ್ಸ ಓದಾತು ಅಂತ ರಂಪ ಮಾಡ್ತಾಳೆ ಅಂತ ಸುಳ್ಳೇಳ್ದ. ಆಮ್ಯಾಕೆ ನಿಜ ಯೋಳ್ದ, ಅತ್ತಿಗೆ ನಂಬ್ನಿಲ್ಲ."

ಹೇಗೆ ನಂಬಿಯಾಳು? ಮೊದಲು ಮುಚ್ಚಿಟ್ಟ ನಿಜವನ್ನು ಸಿಕ್ಕಿಬಿದ್ದ ಮೇಲೆ ಹೇಳಿದರೆ ಅದಕ್ಕೂ ಸುಳ್ಳಿಗೂ ವ್ಯತ್ಯಾಸ ಕಾಣುವುದಿಲ್ಲ. ಇದರಲ್ಲಿ ನಾನು ಇವತ್ತಿಗೂ ಅವಳ ಕಡೆಯೇ. ಅವಳು ಬಿಡುವುದಿಲ್ಲ ಅಂತ ಮೊದಲು ಅನುಮಾನಪಟ್ಟವನು ಅವನೇ ತಾನೆ?

ನನ್ನ ಕಾಫಿ ಬಂತು. "ಈಗ ಹೇಗಿದ್ದಾನೆ ನಿಮ್ಮಣ್ಣ?" ಅಂದೆ.

ತಮ್ಮ ವಸ್ತ್ರವನ್ನು ಹೆಗಲಿಗೆ ಹಾಕಿಕೊಂಡ. "ಓದ್ ವರ್ಸ ತೀರ್ಕಂಡ ಕಣಕ್ಕ. ಮೂರ್ ದಿನ ಜ್ವರ ಅಷ್ಟೇ. ನಾಟಿ ನಡೀತಿತ್ತು, ಗದ್ದೆ ಅರ್ಧ ಆಗಿತ್ತು."

ಅಲ್ಲಿಯ ತನಕ ಪೊಲೀಸಪ್ಪ ಒಬ್ಬನೇ ಊರಿನಲ್ಲಿ ಗೇಯುತ್ತಾ ಇದ್ದನಂತೆ. ಬೆಳೆದ ಭತ್ತದಲ್ಲಿ ಒಂದು ಪಾಲನ್ನು ವರ್ಷವೂ ಗಾಡಿಯಲ್ಲಿ ಹಾಕಿ ಹೆಂಡತಿಯ ತೌರಿಗೆ ಕಳಿಸುತ್ತಿದ್ದ. ಅವಳು ಇಳಿಸಿಕೊಳ್ಳುತ್ತಿದ್ದಳು, ಗಾಡಿಯವನ ಹತ್ತಿರ ಒಂದು ಮಾತು ಹೇಳಿ ಕಳಿಸುತ್ತಿರಲಿಲ್ಲ. ಗಂಡ ಸತ್ತ ಸುದ್ದಿ ಕೇಳಿ ಬಂದಳು. ಹಾಲುತುಪ್ಪ ಮುಗಿದ ಮಾರನೇ ದಿನ ಅವಳನ್ನು ಗದ್ದೆಯ ಕಡೆ ಕರೆದುಕೊಂಡು ಹೋದವನು ಈ ತಮ್ಮನೇ.

ಗದ್ದೆಯಲ್ಲಿ ಒಂದು ಮುದುಕಿ ನಾಟಿ ಹಾಕುತ್ತಿತ್ತಂತೆ. ತಲೆ ಪೂರಾ ಬೆಳ್ಳಗೆ, ಸೊಂಟ ನೆಟ್ಟಗಾಗದು. ಯಾರೂ ಕರೆದಿರಲಿಲ್ಲ. ಪೈರಿನ ಕಟ್ಟನ್ನು ಬದುವಿನಿಂದ ತಾನೇ ಎಳೆದುಕೊಂಡು, ಬಗ್ಗಿ ಬಗ್ಗಿ, ಪೊಲೀಸಪ್ಪ ಅರ್ಧ ಬಿಟ್ಟ ಸಾಲಿನಿಂದಲೇ ಹಿಡಿದಿತ್ತು.

"ಯಾರದು? ಅಂದ್ರು ಅತ್ತಿಗೆ. ಅಣ್ಣಯ್ಯ ಗೇದ ಗದ್ದೆಯವ್ರು ಅತ್ತಿಗೆ, ಅವ್ರೇ, ಅಂದೆ. ನಮ್ಮವ್ವನ ವಾರಗೆಯವ್ರು ಕಣಕ್ಕ ಅವ್ರು. ನಮ್ಮವ್ವನಿಗಿಂತ್ಲೂ ದೊಡ್ಡೋರೇನೋ."

ಅವಳು ಬದುವಿನ ಮೇಲೆ ಬಹಳ ಹೊತ್ತು ನಿಂತಳಂತೆ. ಸೂತಕದವಳು ಗದ್ದೆಗೆ ಇಳಿಯಬಾರದು ಅಂತ ಪಕ್ಕದ ಗದ್ದೆಯಿಂದ ಯಾರೋ ಕೂಗಿದರು. ಅವಳು ಸೀರೆ ಎತ್ತಿ ಸೊಂಟಕ್ಕೆ ಸಿಕ್ಕಿಸಿ ಇಳಿದಳು. ಮುದುಕಿಯ ಪಕ್ಕ ನಿಂತು, ಅವಳ ಕೈಯಿಂದ ಅರ್ಧ ಕಟ್ಟು ಪೈರು ಇಸಿದುಕೊಂಡಳು. ಇಬ್ಬರೂ ಸಂಜೆಯ ತನಕ ನೆಟ್ಟರಂತೆ, ಗದ್ದೆ ಮುಗಿಯಿತು.

"ಈಗ ಅತ್ತಿಗೆ ಊರಲ್ಲೇ ಅವ್ರೆ," ಅಂದ ತಮ್ಮ. ಗಲ್ಲಾದಿಂದ ಕೂಗಿದರು, ಅವನು ಇನ್ನೊಂದು ಮೇಜಿಗೆ ಹೋದ. ನನ್ನ ಕಾಫಿ ಆರಿಹೋಗಿತ್ತು, ಹಾಗೇ ಕುಡಿದೆ.

ಮನೆಗೆ ಬಂದು ಅತ್ತೆಗೆ ಎಲ್ಲವನ್ನೂ ಹೇಳಿದೆ. ಅತ್ತೆ ಕಡೆಯ ತನಕ ಕೇಳಿ, ಎಲೆ ಉಗುಳಿ ಬಂದು ಕೂತರು. "ಅಂಗಾರೆ ಅವತ್ತಿನ ಅಲ್ಲುನೋವು ಸುಳ್ಳೇ. ನಾನ್ ಯೋಳಿರ್ನಿಲ್ವಾ?" ಅಂದರು. ಆಮೇಲೆ ಗೋಡೆಯ ಕಡೆ ತಿರುಗಿ ಮಲಗಿದರು. ಆ ರಾತ್ರಿ ಊಟಕ್ಕೆ ಏಳಲಿಲ್ಲ.

ಅತ್ತೆ ಹೋದರು, ಯಜಮಾನರು ಹೋದರು, ಆ ವಠಾರವನ್ನು ಕೆಡವಿ ಅಂಗಡಿ ಸಾಲು ಕಟ್ಟಿದರು. ಪೊಲೀಸಪ್ಪನ ಹೆಂಡತಿ ಎಲ್ಲಿದ್ದಾಳೋ, ಇದ್ದಾಳೋ ಇಲ್ಲವೋ... ಅವನು ಬದುಕಿದ್ದಾಗ ಒಂದು ಸಲ, ಒಂದೇ ಸಲ ಅವಳು ಆ ಬದುವಿನ ಮೇಲೆ ಬಂದು ನಿಂತಿದ್ದರೆ ಸಾಕಿತ್ತು ಅನ್ನಿಸುತ್ತದೆ. ಗೋದಾಮಿನ ಬಾಗಿಲಿಗೆ ಅವನ ಬದಲು ಆಳು ಸಿಕ್ಕಿದ. ಅವನು ಅರ್ಧ ಬಿಟ್ಟ ನಾಟಿಗೂ ಆಳು ಸಿಕ್ಕಿತು. ಅವಳಿಗೆ ಅವನ ಬದಲು ಯಾರನ್ನು ತರುವುದು?

ಮೊನ್ನೆ ಆ ಯುವಕ ಖಾಕಿಯನ್ನು ಮಡಿಕೆ ಕೆಡದಂತೆ ಸ್ಕೂಟರಿಗೆ ತೂಗುಹಾಕಿಕೊಂಡ. ನನ್ನ ಮುಖ ನೋಡಿ ಅವನಿಗೇ ಏನನ್ನಿಸಿತೋ, "ಎರಡ್ ಜೊತೆ ಬಟ್ಟೆ ಅವೆ ಅಜ್ಜಿ" ಅಂತ ನಕ್ಕು ಹೋದ. ಕೇಳದೆ ಬಂದ ಉತ್ತರ. ಆದರೂ ಹೋಗಲಿ ಅಂತ ಬಿಟ್ಟೆ.

"ಯಾಕಜ್ಜಿ, ಕಣ್ಣಲ್ಲಿ ನೀರು?" ಅಂದಳು ಇಸ್ತ್ರಿಯವಳು.

"ಇದ್ದಿಲ ಹೊಗೆ ಕಣವ್ವ" ಅಂದೆ.

ಪೆಟ್ಟಿಗೆಯಲ್ಲಿ ಕೆಂಡ ನಿಗಿನಿಗಿ ಉರಿಯುತ್ತಿತ್ತು, ಹೊಗೆ ಎಲ್ಲಿಯೂ ಇರಲಿಲ್ಲ. ಅವಳು ಪೆಟ್ಟಿಗೆಯನ್ನು ನೋಡಿದಳು, ನನ್ನನ್ನು ನೋಡಿದಳು. ನಂಬಲಿಲ್ಲ.